ಮಹಾರಾಜರು ಕಟ್ಟಿಸದ ನಡುಗಡ್ಡೆ

ನಮ್ಮ ಕೆರೆಯ ನಡುಗಡ್ಡೆಯ ಬಗ್ಗೆ ಸಭೆ ಸೇರಿದಾಗಲೆಲ್ಲ ಒಂದು ಕಥೆ ಹೇಳುತ್ತಾರೆ. ಹಿಂದೆ ಮಹಾರಾಜರು ಪಕ್ಷಿಗಳಿಗೆಂದೇ ಕೆರೆಯ ನಡುವೆ ಮಣ್ಣು ಹಾಕಿಸಿ ದ್ವೀಪ ಕಟ್ಟಿಸಿದರಂತೆ. ಕಾಲ ಕೆಟ್ಟು ದ್ವೀಪ ಬೋಳಾಗಿ ಪಕ್ಷಿಗಳು ಬಿಟ್ಟುಹೋದವಂತೆ. ಆಮೇಲೆ ಬಡಾವಣೆಯ ಹಿರಿಯರು ಸಸಿ ನೆಟ್ಟರು, ಪಕ್ಷಿಗಳು ತಿರುಗಿ ಬಂದವು. ಇಷ್ಟು ಹೇಳಿ ಮುಗಿಸಿದರೆ ಚಪ್ಪಾಳೆ ಬೀಳುತ್ತದೆ, ಅದರ ಹಿಂದೆಯೇ ಕೋಸಂಬರಿ ಬರುತ್ತದೆ. ಕೋಸಂಬರಿಯ ಬಗ್ಗೆ ನನ್ನ ತಕರಾರಿಲ್ಲ.

ಕಥೆಯ ಬಗ್ಗೆ ಇದೆ. ಮಹಾರಾಜರಿಂದಲೇ ಶುರುಮಾಡೋಣ. ಒಮ್ಮೆ ಆ ದಿಬ್ಬ ಅಗೆದಾಗ ಮೊಳಕಾಲುದ್ದದ ಆಳದಲ್ಲಿ ಸಿಕ್ಕಿದ್ದು ಒಂದು ನೀಲಿ ಹವಾಯಿ ಚಪ್ಪಲಿ. ಎಡಗಾಲಿನದು, ಬಾರು ಕೂಡ ಕಿತ್ತಿರಲಿಲ್ಲ. ಮಹಾರಾಜರು ಹಾಕಿಸಿದ ಮಣ್ಣಿನ ಕೆಳಗೆ ಹವಾಯಿ ಚಪ್ಪಲಿ ಹೇಗೆ ಬಂತು ಅಂತ ಕೇಳಿದರೆ ಸಮಿತಿಯ ಹಿರಿಯರೊಬ್ಬರು, "ಹೆಗ್ಗಣ ಎಳ್ಕೊಂಡು ಹೋಗಿರತ್ತಮ್ಮ" ಅಂದುಬಿಟ್ಟರು. ಅಸಲು ಸಂಗತಿ ಇಷ್ಟೇ. ಯಾವುದೋ ವರ್ಷ ಕೆರೆಯ ಹೂಳೆತ್ತುತ್ತಿದ್ದಾಗ ಮಳೆ ಬೇಗ ಬಂತು. ಲಾರಿಗಳು ಕೆಸರಿನಲ್ಲಿ ಹೂತುಕೊಂಡವು. ಗುತ್ತಿಗೆದಾರ ಎತ್ತಿದ ಹೂಳನ್ನು ಮಧ್ಯದಲ್ಲೇ ಗುಡ್ಡೆ ಹಾಕಿ, ಲಾರಿ ಎಳೆಸಿಕೊಂಡು, ಹೋದವನು ಹೋದ. ಇದನ್ನು ಕಣ್ಣಾರೆ ಕಂಡವರು ಚಾಮರಾಜಪೇಟೆಯ ನಮ್ಮ ಬೀದಿಯಲ್ಲೇ ಇದ್ದರು, ನಮ್ಮಮ್ಮನೇ ಒಬ್ಬರು. ಆ ಗುಡ್ಡೆಯ ಮೇಲೆ ಗೊಬ್ಬಳಿ ಬೀಜ ತಾನಾಗಿ ಬಿದ್ದು ಮುಳ್ಳುಮರಗಳೆದ್ದವು. ನೀರುಕಾಗೆ, ಬಕ, ಬೆಳ್ಳಕ್ಕಿಗಳು ಬಂದು ಗೂಡು ಕಟ್ಟಿದವು. ಯಾರೋ ದಡದಲ್ಲಿ "ಪಕ್ಷಿಧಾಮ" ಅಂತ ಬೋರ್ಡು ನೆಟ್ಟರು.

ಕಥೆಯ ಉಳಿದ ಭಾಗ ಯಾಕೆ ತಪ್ಪು ಅನ್ನುವುದಕ್ಕೆ ಒಂದು ಮಳೆಗಾಲವನ್ನು ಪೂರಾ ಹೇಳಬೇಕಾಗುತ್ತದೆ. ಆಗ ತೊಂಬತ್ತರ ದಶಕ ಮುಗಿಯುತ್ತಿತ್ತು. ನಾನು ಪ್ರಾಣಿಶಾಸ್ತ್ರದಲ್ಲಿ ಡಿಗ್ರಿ ಮುಗಿಸಿ ಕೆರೆ ಸಮಿತಿಯಲ್ಲಿ ಸಂಬಳಕ್ಕಿದ್ದೆ, ಹಾಗಿದ್ದವಳು ನಾನೊಬ್ಬಳೇ. ಉಳಿದವರೆಲ್ಲ ನಿವೃತ್ತರು, ಸೇವೆಗೆ ಬಂದವರು. ಅಧ್ಯಕ್ಷರು ಹೈಸ್ಕೂಲಿನ ಹೆಡ್‌ಮಾಸ್ಟರಾಗಿದ್ದವರು. ಬಸವನಗುಡಿಯಲ್ಲಿ ಮನೆ, ಮಲ್ಲೇಶ್ವರದಲ್ಲಿ ಮಗಳು, ಹಳೇ ಸ್ಕೂಟರು, ಎಂದೂ ಏರದ ದನಿ. ನನ್ನನ್ನು ಕೆಲಸಕ್ಕೆ ತೆಗೆದುಕೊಂಡ ಕಾರಣವನ್ನು ಅವರು ಮುಚ್ಚಿಡಲಿಲ್ಲ.

"ಚರ್ಚಾಸ್ಪರ್ಧೇಲಿ ನಿನಗೆ ಎರಡನೇ ಬಹುಮಾನ ಕೊಟ್ಟಿದ್ದೆ, ನೆನಪಿದ್ಯಾ? ಬಹುಮಾನ ತಗೊಂಡು ವೇದಿಕೆ ಮೇಲೇ ತೀರ್ಪುಗಾರರ ಜೊತೆ ವಾದಕ್ಕೆ ನಿಂತೆ. ಅಂಥ ಬಾಯಿ ಬೇಕು ನಮಗೆ. ಇಂಜಿನಿಯರು ಬರ್ತಿದಾರೆ."

ಇಂಜಿನಿಯರು ಅಂದರೆ ಕೆರೆಯ ಉಸ್ತುವಾರಿ ನೋಡುತ್ತಿದ್ದ ಕಚೇರಿಯವರು. ಸಮಿತಿಯ ಸಭೆಗೆ ದೊಡ್ಡ ನಕ್ಷೆ ಸುತ್ತಿಕೊಂಡು ಬಂದರು. ಬಿಚ್ಚಿ ನಾಲ್ಕು ಮೂಲೆಗೆ ನಾಲ್ಕು ಕಾಫಿ ಲೋಟ ಇಟ್ಟರು. ನಡುಗಡ್ಡೆ ಇರಬೇಕಾದ ಜಾಗದಲ್ಲಿ ಚೌಕಾಕಾರದ ಸಿಮೆಂಟು ಕಟ್ಟೆ, ಅದರ ಮೇಲೆ ಐಸ್‌ಕ್ರೀಂ ಅಂಗಡಿ, ಪಕ್ಕದಲ್ಲಿ ಬಣ್ಣದ ಕಾರಂಜಿ. ಸುತ್ತ ಹಂಸದ ಆಕಾರದ ಪೆಡಲ್ ದೋಣಿಗಳು.

"ಇರೋ ಹಕ್ಕಿ ಓಡಿಸಿ ಪ್ಲಾಸ್ಟಿಕ್ ಹಂಸ ಬಿಡ್ತೀರಾ ಸಾರ್?" ಅಂದೆ.

ಅವರಿಗೆ ಸಿಟ್ಟು ಬರಲಿಲ್ಲ. ಒಳ್ಳೆಯ ಎದುರಾಳಿ. "ನೋಡಮ್ಮ, ನಾನೇನು ಹಕ್ಕಿದ್ವೇಷಿ ಅಲ್ಲ. ಪಕ್ಷಿಧಾಮ ಅಂತ ಬೋರ್ಡ್ ಹಾಕಿದೀರಿ. ಒಂದೇ ಒಂದು ಮರಿ ತೋರಿಸಿ. ನಾನೂ ಬಂದಾಗಿನಿಂದ ನೋಡ್ತಿದೀನಿ. ದೊಡ್ಡ ಹಕ್ಕಿ ಬರ್ತವೆ, ಕೂರ್ತವೆ, ಹಿಕ್ಕೆ ಹಾಕ್ತವೆ, ಹೋಗ್ತವೆ. ಅದು ಧಾಮ ಅಲ್ಲ, ಬಸ್ ಸ್ಟ್ಯಾಂಡು."

ಸಭೆ ಬಿಸಿಯಾಯಿತು. ಆದರೆ ಅವರು ಹೇಳಿದ್ದು ನಿಜವಾಗಿತ್ತು. ಪಕ್ಷಿಗಳು ಎಲ್ಲೂ ಬಿಟ್ಟುಹೋಗಿರಲಿಲ್ಲ, ಪ್ರತಿ ಮಳೆಗಾಲ ಗೂಡು ಕಟ್ಟುತ್ತಿದ್ದವು, ಮೊಟ್ಟೆ ಇಡುತ್ತಿದ್ದವು. ಮರಿ ಮಾತ್ರ ಆಗುತ್ತಿರಲಿಲ್ಲ. ಎದುರಾಳಿಯ ಮಾತಿನಲ್ಲಿ ಸತ್ಯವಿದ್ದರೆ ಅದನ್ನು ಮೊದಲು ಒಪ್ಪಿಕೊಂಡು ಆಮೇಲೆ ಷರತ್ತು ಹಾಕಬೇಕು, ಇದು ಚರ್ಚೆಯಲ್ಲಿ ನಾನು ಕಲಿತ ಪಾಠ.

"ಒಪ್ಕೊಂಡೆ ಸಾರ್. ಮರಿ ತೋರಿಸಿದ್ರೆ?"

"ಈ ಮಳೆಗಾಲ ಮುಗಿಯೋದ್ರೊಳಗೆ ಒಂದು ಮರಿ ಹಾರೋದು ನನ್ನ ಕಣ್ಣಿಗೆ ಬಿದ್ರೆ, ದೋಣಿ ಕಟ್ಟೆ ಆ ಕಡೆ ದಡದಲ್ಲೇ ಕಟ್ಕೋತೀನಿ. ನಡುಗಡ್ಡೆ ಮುಟ್ಟಲ್ಲ. ಇಲ್ಲದಿದ್ರೆ ಜೆಸಿಬಿ ಬರತ್ತೆ."

"ಎಲ್ಲರಿಗೂ ಕೇಳೋ ಹಾಗೆ ಇನ್ನೊಂದ್ಸಲ ಹೇಳಿ."

ಹೇಳಿದರು. ಅಲ್ಲಿಗೆ ಪಂದ್ಯ ಕಟ್ಟಿದ ಹಾಗಾಯಿತು.

ನಡುಗಡ್ಡೆಗೆ ಹೋಗಲು ಇದ್ದದ್ದು ಒಂದು ತೆಪ್ಪ. ಕಲಾಸಿಪಾಳ್ಯದಲ್ಲಿ ಕೊಂಡ ಲಾರಿ ಟ್ಯೂಬುಗಳ ಮೇಲೆ ಬಿದಿರು ಕಟ್ಟಿದ್ದು. ನಡೆಸುವಾತ ಓಕಳಿಪುರಂ ಕಡೆಯವನು, ಕೆರೆಯಲ್ಲಿ ಮೀನು ಹಿಡಿಯುವ ಗುತ್ತಿಗೆಯವರ ಆಳು. ಗಳ ಹಾಕುತ್ತ ಒಂದೇ ಸಮ ಮಾತಾಡುತ್ತಿದ್ದ. ಲೋಕದಲ್ಲಿ ಏನೇ ಕೆಟ್ಟದ್ದಾದರೂ ಅದಕ್ಕೆ ಹಾವು ಕಾರಣ ಅಂತ ಅವನ ದೃಢ ನಂಬಿಕೆ.

ಹತ್ತಿರ ಹೋಗುತ್ತಿದ್ದಂತೆ ಮೊದಲು ನಾತ ಹೊಡೆಯುತ್ತಿತ್ತು, ಆಮೇಲೆ ಗಲಾಟೆ ಕೇಳುತ್ತಿತ್ತು. ಗೊಬ್ಬಳಿ ಮರಗಳು ಹಿಕ್ಕೆ ಬಿದ್ದೂ ಬಿದ್ದೂ ಸುಣ್ಣ ಬಳಿದ ಹಾಗಿದ್ದವು. ನೀರುಕಾಗೆಯ ಗೂಡು ನೋಡಿದರೆ ಅದು ಗೂಡು ಅಂತ ಯಾರೂ ಹೇಳಲಾರರು. ಯಾರೋ ಕಡ್ಡಿ ಗುಡಿಸಿ ಕವಲಿನಲ್ಲಿ ತುರುಕಿದ ಹಾಗಿರುತ್ತದೆ. ನಾನು ಅಪ್ಪನ ಗಡ್ಡ ಹೆರೆಯುವ ಕನ್ನಡಿಯನ್ನು ಉದ್ದ ಬಿದಿರಿಗೆ ಕಟ್ಟಿಕೊಂಡಿದ್ದೆ. ಗೂಡಿನ ಮೇಲೆ ಓರೆಯಾಗಿ ಹಿಡಿದರೆ ಒಳಗಿನದು ಕೆಳಗೆ ನಿಂತವರಿಗೆ ಕಾಣುತ್ತದೆ. ಒಂದು ವಾರ ಕನ್ನಡಿಯಲ್ಲಿ ತಿಳಿನೀಲಿ ಮೊಟ್ಟೆಗಳು. ಮುಂದಿನ ವಾರ ಬರೀ ಕಡ್ಡಿ, ಕೆಳಗೆ ನೆಲದಲ್ಲಿ ಒಡೆದ ಚಿಪ್ಪು.

"ಹಾವು ಮೇಡಂ," ಅಂದ ತೆಪ್ಪದವನು.

"ಹಾವು ಚಿಪ್ಪು ಬಿಡಿಸಿ ತಿನ್ನುತ್ತೇನಯ್ಯಾ? ಇಡೀದೇ ನುಂಗತ್ತೆ."

"ಇದು ಬುದ್ಧಿವಂತ ಹಾವು."

ಅಧ್ಯಕ್ಷರಿಗೆ ಕಾಗೆಗಳ ಮೇಲೆ ಅನುಮಾನ. ಅವರ ಮನೆಯ ಹಪ್ಪಳವನ್ನು ಕಾಗೆಗಳು ಬಹುಕಾಲದಿಂದ ಎತ್ತಿಕೊಂಡು ಹೋಗುತ್ತಿದ್ದವು. ಖಜಾಂಚಿಯವರಿಗೆ ಏರಿಯ ಮೇಲೆ ಕ್ರಿಕೆಟ್ ಆಡುವ ಹುಡುಗರ ಮೇಲೆ. ಯಾರಿಗೆ ಯಾರ ಮೇಲೆ ಸಿಟ್ಟೋ ಅವರೇ ಕಳ್ಳರು, ಸಾಕ್ಷಿ ಯಾರಿಗೂ ಬೇಕಿರಲಿಲ್ಲ. ನನಗೆ ಬೇಕಿತ್ತು.

ಗಾಂಧಿ ಬಜಾರಿನಲ್ಲಿ ಮಕ್ಕಳು ಆಡುವ ಬಣ್ಣದ ಕ್ಲೇ ತಂದೆ. ಬಿಳಿಗೆ ಒಂದಿಷ್ಟು ನೀಲಿ ಬೆರೆಸಿ ಮೊಟ್ಟೆ ಮಾಡಿ, ಕೈವಾಸನೆ ಹೋಗಲೆಂದು ಗೂಡಿನ ಕಡ್ಡಿಕಸದಲ್ಲೇ ಹೊರಳಿಸಿ, ಖಾಲಿ ಗೂಡುಗಳಲ್ಲಿ ಇಟ್ಟೆ. ಮೆತ್ತನೆಯ ಕ್ಲೇ ಮೇಲೆ ಯಾರ ಬಾಯಿ ಬಿದ್ದರೂ ಗುರುತು ಉಳಿಯುತ್ತದೆ. ಕ್ಲೇಗೆ ಮೊಟ್ಟೆಯ ವಾಸನೆ ಇರುವುದಿಲ್ಲವಲ್ಲ, ಅದಕ್ಕೆ ಮರದ ಬುಡದಲ್ಲಿ ನಿಜವಾದ ಕೋಳಿಮೊಟ್ಟೆ ಇಟ್ಟು ಸುತ್ತ ರಂಗೋಲಿ ಪುಡಿಯನ್ನು ತೆಳ್ಳಗೆ ಜರಡಿ ಹಿಡಿಯುವುದು ಅಂತ ಯೋಚಿಸಿದೆ. ಹೆಜ್ಜೆಗುರುತು ಹಿಡಿಯಲು ಅದಕ್ಕಿಂತ ಒಳ್ಳೆಯ ಪುಡಿ ನಮ್ಮೂರಲ್ಲಿ ಇಲ್ಲ.

ತೊಂದರೆ ಎಂದರೆ ಸಮಿತಿಯ ಸಾಮಾನೆಲ್ಲ ಇರುತ್ತಿದ್ದದ್ದು ಅಧ್ಯಕ್ಷರ ಮನೆಯ ಹಿತ್ತಲ ಕೋಣೆಯಲ್ಲಿ. ಅವರ ಮನೆಯವರು ಬಾಗಿಲಲ್ಲೇ ತಡೆದರು. "ನಿನ್ನ ಹಕ್ಕಿ, ನಿನ್ನ ಸೈನ್ಸು ಎಲ್ಲಾ ಸರಿ ಕಣೇ. ಮೊಟ್ಟೆ ಮಾತ್ರ ಗೇಟಿನಿಂದ ಈಚೆಗೆ ಬೇಡ." ಸರಿ, ಮೊಟ್ಟೆ ಮತ್ತು ರಂಗೋಲಿ ಪುಡಿಯ ಚೀಲವನ್ನು ಗೇಟಿನಾಚೆ ಸಂಪಿಗೆ ಮರಕ್ಕೆ ನೇತುಹಾಕಿದೆ. ಮರುದಿನದಿಂದ ಆ ಬೀದಿಯ ಜನ ಸಂಪಿಗೆ ಮರವನ್ನು ಬಳಸಿ ಆಚೆ ಬದಿಯಲ್ಲಿ ನಡೆಯತೊಡಗಿದರು. ಮಾಟ ಮಾಡಿಸಿ ಕಟ್ಟಿದ್ದಾರೆ ಅಂತ ಸುದ್ದಿ.

ತೆಪ್ಪದವನೂ ನಡುಗಡ್ಡೆಯ ಮೇಲೆ ಇಳಿಯಲಿಲ್ಲ. "ಮೇಡಂ, ಮುಳ್ಳುಮರ, ಮೊಟ್ಟೆ, ರಂಗೋಲಿ... ಇನ್ನೊಂದು ನಿಂಬೆಹಣ್ಣು ಇದ್ರೆ ಪೂರ್ತಿ ಆಯ್ತು. ನಾನು ಮಕ್ಕಳೊಂದಿಗ. ನೀವೇ ಇಳೀರಿ."

ಬೆಳಿಗ್ಗೆ ಹೋಗಿ ನೋಡಿದಾಗ ರಂಗೋಲಿಯಲ್ಲಿ ಪುಟ್ಟ ಪುಟ್ಟ ಪಾದಗಳು, ನಡುವೆ ಒಂದೇ ಸಮ ಎಳೆದ ಗೆರೆ. ಬಾಲದ ಗೆರೆ. ಕ್ಲೇ ಮೊಟ್ಟೆಗಳಲ್ಲಿ ಒಂದರ ಮೇಲೆ ಮೂರು ಮೂಲೆಯ ಕೊಕ್ಕಿನ ಗುರುತಿತ್ತು. ಅಧ್ಯಕ್ಷರಿಗೆ ಅದನ್ನು ತೋರಿಸಿದಾಗ ಹಪ್ಪಳದ ಸೇಡು ತೀರಿದಷ್ಟು ಖುಷಿಪಟ್ಟರು. ಆದರೆ ಮಿಕ್ಕ ಎಲ್ಲದರ ಮೇಲೂ ಉಳಿಯಿಂದ ಕೆರೆದಂತೆ ಜೋಡಿಗೆರೆ.

"ಇಲಿ ಸಾರ್."

"ಸುತ್ತ ನೀರಿದೆಯಲ್ಲಮ್ಮ. ಇಲಿ ಅಲ್ಲಿಗೆ ಹೇಗೆ ಹೋಗತ್ತೆ?"

ಹೇಗೆ ಅಂತ ಏರಿಯ ಮೇಲೆ ನಿಂತು ತೋರಿಸಿದೆ. ಒಂದು ಬದಿಯಲ್ಲಿ ಕತ್ತೆಕಿವಿ ಅನ್ನುವ ತೇಲುವ ಕಳೆ ದಡದಿಂದ ನಡುಗಡ್ಡೆಯವರೆಗೆ ಚಾಪೆ ಹಾಸಿದ ಹಾಗೆ ಹೆಣೆದುಕೊಂಡಿತ್ತು. ಮನುಷ್ಯ ಕಾಲಿಟ್ಟರೆ ಮುಳುಗುತ್ತಾನೆ, ಇಲಿ ಆರಾಮಾಗಿ ದಾಟುತ್ತದೆ. ಹೋದಮೇಲೆ ಊಟಕ್ಕೇನು ಕೊರತೆ? ಪಕ್ಷಿಗಳಿಗೆಂದು ಅಧ್ಯಕ್ಷರೇ ಕಲ್ಲಿನ ತೊಟ್ಟಿ ಇರಿಸಿ ದಿನಾ ಅಕ್ಕಿ, ನವಣೆ ಕಳಿಸುತ್ತಿದ್ದರು.

"ನೀರುಕಾಗೆ ಅಕ್ಕಿ ತಿನ್ನುತ್ತಾ ಸಾರ್? ಅದು ಮೀನು ತಿನ್ನೋ ಹಕ್ಕಿ."

"ತಿನ್ನಬಾರದು ಅಂತೇನಿಲ್ಲವಲ್ಲ," ಅಂದರು ಅಧ್ಯಕ್ಷರು. ಅವರೂ ಸುಲಭಕ್ಕೆ ಸೋಲುವವರಲ್ಲ.

ಒಂದು ಪ್ರಶ್ನೆ ಉಳಿಯಿತು. ಮೋರಿಯ ಹೆಗ್ಗಣವಾಗಿದ್ದರೆ ಅದು ಎಲ್ಲಿಂದ ಬಂತು ಅಂತ ಕೇಳಬೇಕಿಲ್ಲ. ಆದರೆ ಹೆಗ್ಗಣಕ್ಕೆ ಮರ ಹತ್ತುವುದು ಅಷ್ಟಾಗಿ ಬಾರದು. ಗೂಡಿನವರೆಗೆ ಹತ್ತಿದ್ದು ಸಣ್ಣ ಮೈಯ, ಉದ್ದ ಬಾಲದ ಮನೆಯ ಇಲಿ. ಅಟ್ಟದ ಮೇಲೆ, ಹೆಂಚಿನ ಸಂದಿಯಲ್ಲಿ ಇರಬೇಕಾದ ಜಾತಿ ಕೆರೆಯಂಗಳದಲ್ಲಿ ಅಷ್ಟೊಂದು ಯಾಕಿತ್ತು?

ಉತ್ತರ ಬೆಳಗಿನ ವಾಕಿಂಗಿನಲ್ಲಿ ಸಿಕ್ಕಿತು. ಒಂದೆರಡು ದಿನ ಏರಿಯ ಕಲ್ಲುಬೆಂಚಿನ ಮೇಲೆ ಬೇಗ ಬಂದು ಕೂತೆ. ವಾಕಿಂಗಿಗೆ ಬರುವವರಲ್ಲಿ ಕೆಲವರು ಬರಿಗೈಯಲ್ಲಿ ಬರುತ್ತಿರಲಿಲ್ಲ. ಕೈಯಲ್ಲಿ ಬಟ್ಟೆ ಚೀಲ. ಕೆರೆಯ ಮೂಲೆಗೆ ಬಂದು, ಅತ್ತಿತ್ತ ನೋಡಿ, ಚೀಲದಿಂದ ತಂತಿಯ ಇಲಿಬೋನು ತೆಗೆದು, ಬಾಗಿಲು ಎತ್ತಿ, ಕೈ ಮುಗಿದು, ಬೋನು ಚೀಲಕ್ಕೆ ಹಾಕಿಕೊಂಡು ವಾಕಿಂಗ್ ಮುಂದುವರಿಸುತ್ತಿದ್ದರು. ನಮ್ಮ ಬಡಾವಣೆಗಳ ಸಂಪ್ರದಾಯವೇ ಇದು. ಇಲಿ ಹಿಡಿಯಬೇಕು, ಕೊಲ್ಲಬಾರದು. ಗಣಪತಿಯ ವಾಹನ. ಆದ್ದರಿಂದ ಇನ್ನೊಬ್ಬರ ಏರಿಯಾದಲ್ಲಿ ಬಿಡಬೇಕು. ಕೆರೆ ಯಾರ ಏರಿಯಾವೂ ಅಲ್ಲ.

ಮೂರನೆಯ ದಿನ ಮಂಜಿನಲ್ಲಿ ಒಬ್ಬರು ಶಾಲು ಹೊದ್ದು ಬಂದರು. ನಡಿಗೆಯಲ್ಲೇ ಗುರುತು ಸಿಕ್ಕಿತು.

"ನಮಸ್ಕಾರ ಸಾರ್. ಚೀಲದಲ್ಲಿ ಏನು?"

ಅಧ್ಯಕ್ಷರು ಚೀಲವನ್ನು ಶಾಲಿನೊಳಗೆ ಸರಿಸಿದರು. "ತರಕಾರಿ."

ಚೀಲ ಕಿಚಕಿಚ ಅಂದಿತು.

"ತರಕಾರಿ ಮಾತಾಡ್ತಿದೆ ಸಾರ್."

ಅವರು ಬೆಂಚಿನ ಮೇಲೆ ಕೂತರು. ಚೀಲವನ್ನು ಪಾದದ ಬಳಿ ಇಟ್ಟುಕೊಂಡರು. "ಕೊಲ್ಲೋದು ಹೇಗಮ್ಮ? ನನಗಾಗಲ್ಲ. ಮನೇಲಿ ಇಟ್ಕೊಳ್ಳೋಕಾಗಲ್ಲ. ಇಲ್ಲಿ ಬಿಟ್ರೆ ಪಾಪ, ಬಯಲಿದೆ, ನೀರಿದೆ, ತಿನ್ನೋಕೆ ಕಾಳು..." ನಡುಗಡ್ಡೆಯ ಕಡೆ ನೋಡಿದರು. ಕಲ್ಲಿನ ತೊಟ್ಟಿ ಅಲ್ಲಿಂದ ಚೆನ್ನಾಗಿ ಕಾಣುತ್ತಿತ್ತು.

ಎದುರಿನವರು ತಮ್ಮ ವಾದವನ್ನು ತಾವೇ ಮುರಿದುಕೊಳ್ಳುತ್ತಿದ್ದಾಗ ಅಡ್ಡ ಬಾಯಿ ಹಾಕಬಾರದು.

"ಎಷ್ಟು ವರ್ಷದಿಂದ ಬಿಡ್ತಿದೀನೋ," ಅಂದರು ಕೊನೆಗೆ. ಅವತ್ತು ಬೋನಿನ ಬಾಗಿಲು ತೆಗೆಯಲಿಲ್ಲ. ಚೀಲ ಎತ್ತಿಕೊಂಡು ಮನೆಗೆ ಹೋದರು.

ಆ ವಾರ ತುರ್ತು ಸಭೆ. ಸಮಿತಿಯಲ್ಲಿದ್ದ ಔಷಧದಂಗಡಿಯವರು, "ಪುಡಿ ಕೊಡ್ತೀನಿ, ಒಂದೇ ವಾರಕ್ಕೆ ಸಾಫ್" ಅಂದರು. ವಿಷ ತಿಂದ ಇಲಿಯನ್ನು ಹದ್ದು ಎತ್ತಿಕೊಂಡು ಹೋಗುತ್ತದೆ, ಗೂಬೆ ತಿನ್ನುತ್ತದೆ, ಮಳೆ ಬಂದರೆ ಪುಡಿ ಕೆರೆಗೆ ಸೇರುತ್ತದೆ ಅಂತ ನಾನು ವಿರೋಧಿಸಿದೆ. ಕೊಲ್ಲುವುದೇ ಬೇಡ ಅಂತ ಇನ್ನರ್ಧ ಸಭೆ ವಿರೋಧಿಸಿತು. ಕಾರಣ ಬೇರೆ, ಮತ ಒಂದೇ. ತೆಪ್ಪದವನು ಬಾಗಿಲಲ್ಲಿ ನಿಂತು, "ಬೆಕ್ಕು ಬಿಡಿ ಸ್ವಾಮಿ" ಅಂದ. ಬೆಕ್ಕು ಇಲಿ ಮುಗಿಸಿದ ಮೇಲೆ ಮರಿಗಳ ಕಡೆ ತಿರುಗುತ್ತದೆ ಅಂತ ಹೇಳುವಷ್ಟರಲ್ಲಿ ಖಜಾಂಚಿಯವರಿಗೆ ಐಡಿಯಾ ಹಿಡಿಸಿಬಿಟ್ಟಿತ್ತು. ಮರುದಿನ ನನಗೆ ಗೊತ್ತಿಲ್ಲದೆ ಒಂದು ಬೆಕ್ಕನ್ನು ಬುಟ್ಟಿಯಲ್ಲಿ ತಂದು ತೆಪ್ಪ ಹತ್ತಿಸಿದರು. ನಡುಗಡ್ಡೆ ಬಂದರೂ ಅದು ಇಳಿಯಲಿಲ್ಲ. ತೆಪ್ಪದವನ ಹೆಗಲಿಗೆ ಉಗುರು ಊರಿ, ಅವನನ್ನೂ ಕಿರುಚಿಸುತ್ತ, ಹಾಗೇ ದಡಕ್ಕೆ ವಾಪಸಾಯಿತು. ಆ ಪ್ರಸ್ತಾವ ಅಲ್ಲಿಗೆ ಬಿತ್ತು.

ಮತ್ತೆ ಸಭೆ ಸೇರಿದಾಗ ಅಧ್ಯಕ್ಷರು ಎದ್ದು ನಿಂತರು. "ವಿಷ ಬೇಡ, ಬೆಕ್ಕು ಬೇಡ. ಬೋನೇ ಇಡೋಣ. ನಾವು ಬಿಟ್ಟಿದ್ದನ್ನ ನಾವೇ ಹಿಡಿಯೋಣ. ಕಾಳಿನ ತೊಟ್ಟಿ ಇವತ್ತೇ ತೆಗೀರಿ." ಕೂರುವ ಮೊದಲು, "ಈ ಸಲ ವನಮಹೋತ್ಸವನೂ ಬೇಡ" ಅಂದರು.

ವನಮಹೋತ್ಸವಕ್ಕೆ ಆಗಲೇ ಅತಿಥಿಗಳನ್ನು ಕರೆದಾಗಿತ್ತು. ಆದರೆ ನಾನು ಅವರಿಗೆ ಹಿಂದಿನ ದಿನವೇ ತೋರಿಸಿದ್ದೆ. ಕಳೆದ ವರ್ಷ ನಡುಗಡ್ಡೆಯ ಮೇಲೆ ನೆಟ್ಟ ಸಸಿಗಳ ಬುಡಕ್ಕೆ ತೇವ ಆರದಿರಲೆಂದು ದಪ್ಪಗೆ ಹುಲ್ಲು ಹೊದಿಸಿದ್ದರು. ಆ ಹುಲ್ಲು ಎತ್ತಿದರೆ ಒಳಗೆ ಬೆಚ್ಚಗೆ ಇಲಿಗಳ ಗೂಡು. ಅಲ್ಲಿ ಮರಿಗಳು ಬೇಕಾದಷ್ಟಿದ್ದವು, ಇಂಜಿನಿಯರು ಕೇಳಿದ ಜಾತಿಯವಲ್ಲ ಅಷ್ಟೇ. ಸಸಿಗಳನ್ನು ಬೇರುಸಮೇತ ತೆಗೆದು ಏರಿಯ ಮೇಲೆ ನೆಡುವುದು, ನಡುಗಡ್ಡೆಯನ್ನು ಗೊಬ್ಬಳಿಗೇ ಬಿಟ್ಟುಬಿಡುವುದು ಅಂತ ತೀರ್ಮಾನವಾಯಿತು. ತಾವೇ ನೆಟ್ಟ ಗಿಡವನ್ನು ತಾವೇ ಕೀಳಿಸುವ ಅಧ್ಯಕ್ಷರನ್ನು ನಾನು ಆಮೇಲೆ ಎಲ್ಲೂ ಕಂಡಿಲ್ಲ. ಆ ಮಟ್ಟಿಗೆ ಅವರಿಗೆ ಮೊದಲನೇ ಬಹುಮಾನವೇ.

ಆದರೆ ಅವರದ್ದೂ ಒಂದು ಷರತ್ತಿತ್ತು. "ಬೋನಿಗೆ ಬಿದ್ದ ಇಲಿಗಳು ನನ್ನ ಜವಾಬ್ದಾರಿ. ಕೊಲ್ಲಲ್ಲ, ಕೆರೆ ಹತ್ರ ಬಿಡಲ್ಲ. ಎಲ್ಲಿ ಬಿಟ್ಟೆ ಅಂತ ಯಾರೂ ಕೇಳಕೂಡದು."

ನಾನು ಒಪ್ಪಿಕೊಂಡೆ. ಮಳೆಗಾಲ ಓಡುತ್ತಿತ್ತು.

ಕೆಲಸ ಶುರುವಾಯಿತು. ಬೀದಿಬೀದಿಯ ಮನೆಗಳಿಂದ ಬೋನುಗಳು ಬಂದವು. ವಾಪಸ್ ಕೊಡುವಾಗ ಗುರುತಿರಲೆಂದು ಒಂದೊಂದರ ಮೇಲೂ ಮನೆಯ ಹೆಸರು ಬರೆದಿದ್ದರು. "ಶ್ರೀ ನಿಲಯ," "ಗುರುಕೃಪಾ," "ಶಾಂತಿಧಾಮ." ಮೊದಲು ಮಸಾಲೆವಡೆ ಇಟ್ಟೆ. ಇರುವೆ ಮುತ್ತಿ ವಡೆ ಮಾಯ, ಇಲಿ ಇಲ್ಲ. ಆಮೇಲೆ ಕೊಬ್ಬರಿ ಚೂರನ್ನು ಒಲೆಯ ಮೇಲೆ ಸುಟ್ಟು, ಕಿತ್ತುಕೊಂಡು ಓಡದಂತೆ ಕೊಕ್ಕೆಗೆ ದಾರದಿಂದ ಬಿಗಿದೆ. ಶುರುವಿನಲ್ಲಿ ದಿನಾ ಬಿದ್ದವು, ಇದ್ದಕ್ಕಿದ್ದಂತೆ ನಿಂತುಹೋದವು. ಕೊಬ್ಬರಿ ಮುಟ್ಟದೆ ಬೋನಿನ ಸುತ್ತ ಪ್ರದಕ್ಷಿಣೆ ಹಾಕಿ ಹೋದ ಹೆಜ್ಜೆಗಳು ರಂಗೋಲಿಯಲ್ಲಿ ಕಂಡವು. ಇಲಿ ಹೊಸ ವಸ್ತುವನ್ನು ನಂಬುವುದಿಲ್ಲ, ಆ ವಿಷಯದಲ್ಲಿ ನನ್ನ ಹಾಗೇ. ಹಾಗಾಗಿ ಬೋನಿನ ಬಾಗಿಲನ್ನು ಎತ್ತಿ ಕಟ್ಟಿ, ಕೆಲವು ದಿನ ಸುಮ್ಮನೆ ತಿಂದು ಹೋಗಲು ಬಿಟ್ಟೆ. ಧೈರ್ಯ ಬಂದಮೇಲೆ ಕಟ್ಟು ಬಿಚ್ಚಿದೆ. ಅಲ್ಲಿಂದ ಮತ್ತೆ ಬೀಳತೊಡಗಿದವು.

ಕತ್ತೆಕಿವಿ ಎಳೆಯಲು ವಾಕಿಂಗಿನವರನ್ನೇ ಹಗ್ಗಕ್ಕೆ ನಿಲ್ಲಿಸಿದೆವು. ಬಸವನಗುಡಿಯವರು ಒಂದು ಕಡೆ, ಚಾಮರಾಜಪೇಟೆಯವರು ಇನ್ನೊಂದು ಕಡೆ. ಕಿತ್ತು ದಡಕ್ಕೆ ಹಾಕಿದ್ದಕ್ಕಿಂತ ಪರಸ್ಪರ ಹೀಯಾಳಿಸಿದ್ದೇ ಹೆಚ್ಚು. ಅಂತೂ ಒಂದು ಅಗಲವಾದ ನೀರಿನ ಪಟ್ಟಿ ತೆರೆದುಕೊಂಡಿತು. ಬೆಳಿಗ್ಗೆ ಬಂದು ನೋಡಿದರೆ ಗಾಳಿ ತಿರುಗಿ ಇಡೀ ಚಾಪೆ ಮತ್ತೆ ಅಲ್ಲೇ. ತೆಪ್ಪದವನು ನಕ್ಕ ನಗು ಇನ್ನೂ ಕಿವಿಯಲ್ಲಿದೆ. ನೈಲಾನ್ ಹಗ್ಗಕ್ಕೆ ಬಿದಿರು ಮತ್ತು ಖಾಲಿ ಎಣ್ಣೆ ಕ್ಯಾನುಗಳನ್ನು ಕಟ್ಟಿ, ತೇಲುವ ಬೇಲಿ ಮಾಡಿ, ಎರಡು ಬದಿ ಗೂಟ ಹೊಡೆದ ಮೇಲೆ ಆ ಚಾಪೆ ಅತ್ತ ಕಡೆಯೇ ನಿಂತಿತು.

ನಗರ್ತಪೇಟೆಯಿಂದ ತಗಡು ತಂದು, ಗೂಡಿದ್ದ ಪ್ರತಿ ಮರದ ಕಾಂಡಕ್ಕೂ ಎದೆಮಟ್ಟದಲ್ಲಿ ಪಟ್ಟಿ ಸುತ್ತಿದೆ. ಮೊಳೆ ಹೊಡೆಯದೆ ತಂತಿಯಿಂದ ಸಡಿಲವಾಗಿ ಕಟ್ಟಬೇಕು, ಮರ ದಪ್ಪವಾಗುತ್ತದಲ್ಲ. ನಯವಾದ ತಗಡಿನ ಮೇಲೆ ಇಲಿಯ ಉಗುರು ಜಾರುತ್ತದೆ. ಅಷ್ಟೆಲ್ಲ ಮಾಡಿದ ಮೇಲೂ ಒಂದು ಬಾಗಿದ ಮರದಿಂದ ಮಾತ್ರ ಮೊಟ್ಟೆ ಹೋಗುತ್ತಲೇ ಇತ್ತು. ಎರಡು ದಿನ ತಲೆ ಕೆರೆದುಕೊಂಡೆ. ಆಮೇಲೆ ನೋಡಿದರೆ ಅದರ ತಗ್ಗಿನ ಕೊಂಬೆಯೊಂದು ಲಂಟಾನ ಪೊದೆಗೆ ತಾಗುತ್ತಿತ್ತು. ಮುಂಬಾಗಿಲಿಗೆ ಬೀಗ ಹಾಕಿ ಹಿತ್ತಲ ಬಾಗಿಲು ತೆರೆದಿಟ್ಟ ಹಾಗೆ. ಪೊದೆ ಕಡಿಸಿದೆ.

ಬೋನಿಗೆ ಬಿದ್ದವನ್ನು ಬಿಸಿಲೇರುವ ಮೊದಲೇ ದಡಕ್ಕೆ ತರುತ್ತಿದ್ದೆ. ಅಧ್ಯಕ್ಷರು ಸ್ಕೂಟರಿನ ಮುಂದೆ ಚೀಲ ಇಟ್ಟುಕೊಂಡು ಹೊರಡುತ್ತಿದ್ದರು. ಖಾಲಿ ಬೋನು ಮಧ್ಯಾಹ್ನದೊಳಗೆ ತೊಳೆದು ವಾಪಸ್. ತೆಪ್ಪದವನು ಒಮ್ಮೆ, "ಸಾರು ದಿನಾ ನಮ್ಮ ಓಕಳಿಪುರಂ ಮೇಲೇ ಹೋಗ್ತಾರೆ ಮೇಡಂ, ಕೈ ಬೀಸಿದ್ರೂ ನೋಡಲ್ಲ" ಅಂದ. ಕೇಳಕೂಡದು ಅಂದಿದ್ದರಲ್ಲ, ಕೇಳಲಿಲ್ಲ.

ಮೊದಲ ಮೊಟ್ಟೆ ಕಳೆದುಕೊಂಡ ನೀರುಕಾಗೆಗಳು ಎರಡನೇ ಸಲ ಇಟ್ಟವು. ಅದೇ ನಮ್ಮ ಕೊನೆಯ ಅವಕಾಶ. ಒಂದು ಬೆಳಿಗ್ಗೆ ಕನ್ನಡಿಯಲ್ಲಿ ಮೊಟ್ಟೆಯ ಬದಲು ಏನೋ ಕರಿಯದು ಅಲುಗಾಡಿತು. ನಾನು ಗಳ ಕೈಬಿಟ್ಟೆ, ಕನ್ನಡಿ ಒಡೆಯಿತು, ಅಪ್ಪ ಬೈದರು. ಯಾವುದೂ ಲೆಕ್ಕಕ್ಕೆ ಬರಲಿಲ್ಲ.

ಇಂಜಿನಿಯರನ್ನು ಕರೆಸಿದೆವು. ಏರಿಯ ಮೇಲೆ ಕೊಡೆ ಹಿಡಿದು ನಿಂತು, ದುರ್ಬೀನಿನಲ್ಲಿ ನೋಡಿದರು.

"ಇದೇನ್ರೀ? ಸುಟ್ಟ ಬದನೆಕಾಯಿ ಥರ ಇದೆ!"

"ಮರಿ ಸಾರ್."

"ಪುಕ್ಕಾನೇ ಇಲ್ಲ. ನಾನು ಹಾರಬೇಕು ಅಂದಿದ್ದೆ."

"ಬೆಳೀಲಿ ಸಾರ್. ನೀವು ಹುಟ್ಟಿದ ದಿನವೇ ಇಂಜಿನಿಯರಾಗಿದ್ರಾ?"

ಗೌರಿ ಹಬ್ಬ ಕಳೆದು, ಕೆರೆಯ ಕಲ್ಯಾಣಿಯಲ್ಲಿ ಗಣಪತಿಗಳನ್ನು ಬಿಟ್ಟಾದ ಮೇಲೆ ಅವರು ಮತ್ತೆ ಬಂದರು. ಬದನೆಕಾಯಿಗಳಿಗೆ ರೆಕ್ಕೆ ಬಂದಿತ್ತು. ಒಂದು ಕೊಂಬೆಯ ತುದಿಗೆ ಬಂದು ರೆಕ್ಕೆ ಬಡಿಯಿತು, ಹಿಂದೆ ಸರಿಯಿತು, ಮತ್ತೆ ಬಂತು. ದಡದಲ್ಲಿ ವಾಕಿಂಗಿನವರೆಲ್ಲ ಗುಂಪುಗೂಡಿದ್ದರು. ಕೊನೆಗೆ ಅದು ಹಾರಿತು ಅನ್ನುವುದಕ್ಕಿಂತ ಬಿತ್ತು. ನೀರಿಗೆ ದಬಕ್ಕನೆ ಬಿದ್ದು ಈಜತೊಡಗಿತು.

"ಇದು ಹಾರಿದ್ದಲ್ಲ," ಅಂದರು ಇಂಜಿನಿಯರು.

"ಮರಕ್ಕೂ ನೀರಿಗೂ ನಡುವೆ ಇದ್ದದ್ದು ಗಾಳಿ ತಾನೇ ಸಾರ್?"

"ಕಲ್ಲು ಎಸೆದ್ರೂ ಗಾಳೀಲೇ ಹೋಗತ್ತೆ. ಕಲ್ಲು ಹಾರ್ತು ಅಂತೀಯಾ?"

ಒಳ್ಳೆಯ ಪಾಯಿಂಟು. ಉತ್ತರ ಮರಿಯ ಬಳಿ ಇತ್ತು. ಅದು ನೀರಿನ ಮೇಲೆ ಉದ್ದಕ್ಕೂ ರೆಕ್ಕೆ ಬಡಿಯುತ್ತ ಓಡಿ, ಮೇಲೆದ್ದು, ನಮ್ಮ ತೇಲುವ ಬೇಲಿಯನ್ನು ದಾಟಿ, ಅಡ್ಡಾದಿಡ್ಡಿ ತೂಗಾಡುತ್ತ ಹೋಗಿ, ಇಂಜಿನಿಯರು ಅಳತೆಗೆಂದು ನೆಡಿಸಿದ್ದ ಕಂಬದ ಮೇಲೆ ಕೂತಿತು. ಕೂತು ಹಿಕ್ಕೆ ಹಾಕಿತು. ಏರಿಯ ಮೇಲೆ ಎದ್ದ ಕೂಗಿಗೆ ದೊಡ್ಡ ಹಕ್ಕಿಗಳೆಲ್ಲ ಒಮ್ಮೆಗೇ ಎದ್ದವು.

ಇಂಜಿನಿಯರು ದುರ್ಬೀನು ಇಳಿಸಿದರು. "ಆಯ್ತಮ್ಮ. ಗೆದ್ದೆ. ಕಂಬ ಕೀಳಿಸ್ತೀನಿ." ಮಾತು ಉಳಿಸಿಕೊಂಡರು. ದೋಣಿ ಕಟ್ಟೆ ಆಚೆ ದಡದಲ್ಲೇ ಎದ್ದಿತು. ಹಂಸಗಳು ನಡುಗಡ್ಡೆಯ ಹತ್ತಿರ ಸುಳಿಯದಂತೆ ಹಗ್ಗ ಕಟ್ಟಿಸಿದವರೂ ಅವರೇ.

ರಾಜ್ಯೋತ್ಸವದ ದಿನ ಏರಿಯ ಮೇಲೆ ಶಾಮಿಯಾನ ಹಾಕಿ ಸಮಾರಂಭ ಮಾಡಿದರು. ಅಧ್ಯಕ್ಷರು ಮಾತಾಡಿದರು. ಮಹಾರಾಜರು ಬಂದರು, ದ್ವೀಪ ಬೋಳಾಯಿತು, ಹಿರಿಯರು ಸಸಿ ನೆಟ್ಟರು, ಪಕ್ಷಿಗಳು ತಿರುಗಿ ಬಂದವು. ಇಲಿ ಅನ್ನುವ ಮಾತು ಒಮ್ಮೆಯೂ ಬರಲಿಲ್ಲ. ಚಪ್ಪಾಳೆ ಬಿತ್ತು. ನಾನೂ ತಟ್ಟಿದೆ. ಕಿತ್ತ ಸಸಿಗಳು ನಮ್ಮ ಬೆನ್ನ ಹಿಂದೆಯೇ ಏರಿಯ ಮೇಲೆ ಚಿಗುರಿದ್ದವು, ಅವುಗಳಿಗೂ ಏನೋ ಸಮಾಧಾನವಾಗಿರಬೇಕು.

ಆಮೇಲೆ ಕೋಸಂಬರಿಯ ದೊನ್ನೆ ಹಿಡಿದು ನಾವು ಮೂವರೂ ಒಂದೇ ಬೆಂಚಿನ ಮೇಲೆ ಕೂತೆವು. ನಾನು, ಅಧ್ಯಕ್ಷರು, ನಡುವೆ ಇಂಜಿನಿಯರು. ಅವರು ಯಾಕೋ ಸಪ್ಪಗಿದ್ದರು. ಕೇಳಿದೆ.

"ಏನ್ ಹೇಳ್ಲಮ್ಮ, ಮನೇಲಿ ನಿದ್ದೆ ಇಲ್ಲ. ನಮ್ಮ ಮಲ್ಲೇಶ್ವರದಲ್ಲಿ ಇಷ್ಟು ವರ್ಷ ಈ ಕಾಟ ಇರ್ಲಿಲ್ಲ. ಈ ಮಳೆಗಾಲದಿಂದ ನಮ್ಮ ಕ್ರಾಸಲ್ಲಿ ಎಲ್ಲಿ ನೋಡಿದ್ರೂ ಇಲಿ. ಅಟ್ಟದ ಮೇಲೆ ಸೈನ್ಯ. ನಿನ್ನೆ ಕಾರಿನ ವೈರು ಕಡಿದಿವೆ. ಎಲ್ಲಿಂದ ಬಂದ್ವೋ ದೇವರೇ ಬಲ್ಲ."

ಅಧ್ಯಕ್ಷರು ದೊನ್ನೆಯೊಳಗಿನ ಒಂದೊಂದೇ ಹೆಸರುಬೇಳೆಯನ್ನು ಬಹಳ ಶ್ರದ್ಧೆಯಿಂದ ಅಗಿಯುತ್ತಿದ್ದರು. ದೃಷ್ಟಿ ನೆಟ್ಟಗೆ ನಡುಗಡ್ಡೆಯ ಮೇಲೆ. ಇಂಜಿನಿಯರ ಬೆನ್ನ ಹಿಂದಿನಿಂದ ಅಧ್ಯಕ್ಷರ ಕಿವಿಯ ಹತ್ತಿರಕ್ಕೆ ಬಾಗಿದೆ. ಎಲ್ಲಿ ಬಿಟ್ಟಿರಿ ಅಂತ ಕೇಳಕೂಡದು ಅನ್ನುವ ಷರತ್ತು ನನಗೆ ನೆನಪಿತ್ತು. ಅದನ್ನು ಮುರಿಯದೆ ಕೇಳಬಹುದಾದದ್ದು ಒಂದೇ ಒಂದಿತ್ತು.

"ಸಾರ್, ಮಲ್ಲೇಶ್ವರದಲ್ಲಿ ನಿಮ್ಮ ಮಗಳ ಮನೆ ಎಷ್ಟನೇ ಕ್ರಾಸು?"